ಭಾರಕ್ಕಲ್ಲ, ಬಾಲಕ್ಕೆ: ದೀವಾರ್ ಫೆರಿಯ ರ‍್ಯಾಂಪಿನಲ್ಲಿ ಸಿಕ್ಕಿಬಿದ್ದ ಒಂದು ಪಿಕಪ್

ಪಿಕಪ್ಪಿನ ಮುಂದಿನ ಚಕ್ರಗಳು ಫೆರಿಯಿಂದ ದಡಕ್ಕೆ ಚಾಚಿದ ರ‍್ಯಾಂಪ್ ಮೇಲೆ, ಹಿಂದಿನವು ದಕ್ಕೆಯ ಪಾಚಿಯ ಮೇಲೆ. ಹೇರಿದ್ದು 40 ಕಬ್ಬಿಣದ ಸರಳು, 10 ಚೀಲ ಸಿಮೆಂಟು. ಆಕ್ಸಿಲರೇಟರ್ ಒತ್ತಿದರೆ ಚಕ್ರ ಗಿರಗಿರನೆ ತಿರುಗುತ್ತದೆಯೇ ಹೊರತು ಗಾಡಿ ಮುಂದೆ ಹೋಗುವುದಿಲ್ಲ. ಬೆಳಗಿನ ಆರೂವರೆ. ಆಚೆ ದಡದಲ್ಲಿ ಕೆಲಸಕ್ಕೆ ಹೊರಟ ದ್ವೀಪದ ಜನ ಸ್ಕೂಟರಿನ ಮೇಲೆ ಕೂತು ಕಾಯುತ್ತಿದ್ದಾರೆ. ಚಾಲಕ ರಿವರ್ಸ್ ಗೇರ್ ಹಾಕಿದ. ನಷ್ಟವೆಲ್ಲ ಆದದ್ದು ಆ ಗಳಿಗೆಯಲ್ಲಿ.

ಹಳೇ ಗೋವಾದ ದಕ್ಕೆಯಿಂದ ದೀವಾರ್ ದ್ವೀಪಕ್ಕೆ ಮಾಂಡವಿ ದಾಟಿಸುವ ಫೆರಿಯ ಮೇಲೆ ನಡೆದ ಪ್ರಕರಣ ಇದು. ಯಾರಿಗೂ ಪೆಟ್ಟಾಗಲಿಲ್ಲ, ಫೆರಿಗೂ ಏನೂ ಆಗಲಿಲ್ಲ. ಆದರೂ ಬಿಡಿಸಿ ನೋಡುವುದಕ್ಕೆ ಕಾರಣವಿದೆ. ಗೋವಾದ ಕಟ್ಟಡ ಕೆಲಸದಲ್ಲಿ ಬಾಗಲಕೋಟೆ, ಗದಗ, ಕೊಪ್ಪಳ, ವಿಜಯಪುರದ ಕಡೆಯ ಗೌಂಡಿಗಳು, ಸೆಂಟ್ರಿಂಗಿನವರು ಬಹಳ. ದ್ವೀಪದ ಕೆಲಸ ಹಿಡಿದರೆ ಅವರೂ ಇದೇ ರ‍್ಯಾಂಪ್ ಹತ್ತಬೇಕು. ಹತ್ತುವಾಗ ಎಲ್ಲರೂ ಕೇಳುವ ಪ್ರಶ್ನೆ ಒಂದೇ: "ಇಷ್ಟು ಭಾರ ತಡೀತೈತೇನು?" ಈ ಗಾಡಿಯ ಭಾರದಲ್ಲಿ ಏನೂ ತಪ್ಪಿರಲಿಲ್ಲ. ತಪ್ಪಿದ್ದು ಕೋನದಲ್ಲಿ.

ನದಿ, ದ್ವೀಪ, ಕೆಲಸ

ಖಾನಾಪುರ ತಾಲ್ಲೂಕಿನ ಕಾಡಿನಲ್ಲಿ ಹುಟ್ಟುವ ನಮ್ಮ ಮಹದಾಯಿಯೇ ಗೋವಾದಲ್ಲಿ ಮಾಂಡವಿ. ಸಮುದ್ರಕ್ಕೆ ಸೇರುವ ಮುನ್ನ ಅದು ಕವಲಾಗಿ ದೀವಾರ್, ಚೋಡಣದಂಥ ದ್ವೀಪಗಳನ್ನು ಸುತ್ತುವರಿಯುತ್ತದೆ. ಗೋವಾ ಕದಂಬರ ಕುಲದೈವ ಸಪ್ತಕೋಟೀಶ್ವರ ಮೊದಲು ಇದ್ದದ್ದು ಈ ದೀವಾರ್‌ನಲ್ಲೇ. ಪೋರ್ಚುಗೀಸರ ಕಾಲದಲ್ಲಿ ಗುಡಿ ನಾಶವಾಗಿ ದೇವರು ಹೊಳೆ ದಾಟಿ ಆಚೆಯ ನಾರ್ವೆಗೆ ಹೋದ. ದೇವರಿಗೂ ಇಲ್ಲಿ ದೋಣಿಯೇ ಗತಿ ಎಂದು ಗೌಂಡಿಗಳು ನಗುತ್ತಾರೆ. ದ್ವೀಪಕ್ಕೆ ಸೇತುವೆ ಇಲ್ಲ. ಹಳೇ ಗೋವಾ, ರಾಯಬಂದರ್ ಮತ್ತು ಡಿಚೋಲಿ ಕಡೆಯ ನಾರ್ವೆ, ಈ ಮೂರು ದಿಕ್ಕಿನಿಂದ ಫೆರಿ ಇದೆ. ನಡೆಸುವುದು ಬೇತಿಂನಲ್ಲಿ ಕಚೇರಿ ಇರುವ ಸರ್ಕಾರದ ನದಿ ಸಂಚಾರ ಇಲಾಖೆ. ಹಾಲು, ಗ್ಯಾಸ್ ಸಿಲಿಂಡರ್, ಮದುವೆಯ ಶಾಮಿಯಾನ, ಜಲ್ಲಿ, ಎಲ್ಲವೂ ಇದರ ಮೇಲೆಯೇ.

ಫೆರಿ ಎಂದಾಗ ಕನ್ನಡದ ಓದುಗರ ಕಣ್ಣಿಗೆ ಬರುವುದು ಸಿಗಂದೂರಿನ ಲಾಂಚು. ಹೋಲಿಕೆ ಅರ್ಧ ಮಾತ್ರ ಸರಿ. ಶರಾವತಿ ಹಿನ್ನೀರಿನ ಮಟ್ಟ ಇಳಿಯಲು ತಿಂಗಳುಗಳೇ ಬೇಕು. ನಿನ್ನೆ ಲಾಂಚು ನಿಂತ ಜಾಗದಲ್ಲೇ ಇಂದೂ ನಿಲ್ಲುತ್ತಿತ್ತು. ಮಾಂಡವಿಯ ಈ ಭಾಗದಲ್ಲಿ ದಿನಕ್ಕೆ ಎರಡು ಉಬ್ಬರ, ಎರಡು ಇಳಿತ. ಹುಣ್ಣಿಮೆ-ಅಮಾವಾಸ್ಯೆಯ ಸುತ್ತ ನೀರು ಸುಮಾರು 2.3 ಮೀಟರ್ ಏರಿಳಿಯುತ್ತದೆ, ಅಷ್ಟಮಿಯ ಸುತ್ತ ಸುಮಾರು 1.5 ಮೀಟರ್. ಬೆಳಿಗ್ಗೆ ಗಾಡಿ ಹತ್ತಿದ ಕಾಂಕ್ರೀಟು ಮಧ್ಯಾಹ್ನ ಆಳುದ್ದ ನೀರಿನಡಿ ಇರಬಹುದು. (ಸಿಗಂದೂರಿಗೆ ಸೇತುವೆ ತೆರೆದದ್ದು 2025ರ ಜುಲೈನಲ್ಲಿ, ಅದೇ ತಿಂಗಳು ಚೋಡಣ–ರಾಯಬಂದರ್ ನಡುವೆ ಗಾಡಿಗಳು ಒಂದು ತುದಿಯಿಂದ ಹತ್ತಿ ಇನ್ನೊಂದರಿಂದ ಇಳಿಯುವ ದೊಡ್ಡ ರೋ-ರೋ ಫೆರಿ ಶುರುವಾಯಿತು. ಒಂದು ಹೊಳೆ ದೋಣಿ ಬಿಟ್ಟಿತು, ಇನ್ನೊಂದು ದೊಡ್ಡ ದೋಣಿ ತಂದಿತು.)

ಕೆಲಸ ಸಣ್ಣದು: ಹಳೆಯ ಮನೆಯೊಂದಕ್ಕೆ ಮಹಡಿ. ಸ್ಲ್ಯಾಬು, ತೊಲೆ, ಕಂಬ ಸೇರಿ 12 ಘನ ಮೀಟರ್ ಕಾಂಕ್ರೀಟು. ಘನ ಮೀಟರಿಗೆ 8 ಚೀಲದಂತೆ 96 ಚೀಲ ಸಿಮೆಂಟು, ಅಂದರೆ 4.8 ಟನ್. ಉಸುಕು ಸುಮಾರು 8.5 ಟನ್, ಜಲ್ಲಿ ಸುಮಾರು 16 ಟನ್, ಸರಳು 1.3 ಟನ್. ಒಟ್ಟು ಹತ್ತಿರ ಹತ್ತಿರ 31 ಟನ್. ಖೇಪಿಗೆ 1.2 ಟನ್ ಹೇರುವ ಪಿಕಪ್ಪಿಗೆ 26 ಖೇಪು. ಮುಖ್ಯಭೂಮಿಯಲ್ಲಾದರೆ ಎರಡು-ಮೂರು ಟಿಪ್ಪರಿನಲ್ಲಿ ಮುಗಿಯುವ ಮಾತು. ಒಂದೊಂದು ಖೇಪಿಗೂ ಕಾಯುವುದು, ಹತ್ತುವುದು, ದಾಟುವುದು, ಇಳಿಯುವುದು ಎಂದು ಒಂದೂವರೆ ಗಂಟೆ ಹೋಗುತ್ತದೆ. ಹಾಗಾಗಿ ಖೇಪು ಉಳಿಸುವ ಆಸೆ ಯಾರಿಗಾದರೂ ಬರುತ್ತದೆ, ಸರಳಿನ ಜೊತೆ ಹತ್ತು ಚೀಲ ಸಿಮೆಂಟೂ ಹೋಗಲಿ ಎನ್ನುವ ಯೋಚನೆ ಅಲ್ಲಿಂದಲೇ.

ಇನ್ನೊಂದು ಒತ್ತಡವೂ ಇದೆ. ಸ್ಲ್ಯಾಬ್ ಹಾಕುವ ದಿನ ನಡುವೆ ಸಿಮೆಂಟು ಮುಗಿದರೆ "ಓಡಿ ಹೋಗಿ ಎರಡು ಚೀಲ ತಾ" ಎನ್ನಲು ಬರುವುದಿಲ್ಲ. ಫೆರಿ ಒಂದು ಗಂಟೆ ನಿಂತರೂ ಹಾಕಿದ ಕಾಂಕ್ರೀಟು ಬಿಗಿದು, ಹೊಸದು ಹಳೆಯದಕ್ಕೆ ಕೂಡದೆ ಸೀಳು ಬೀಳುತ್ತದೆ. ಮಳೆಗಾಲದಲ್ಲಿ ಅದೇ ಗೆರೆಯಿಂದ ಸೋರುತ್ತದೆ. ಅದಕ್ಕೇ ದ್ವೀಪದ ಕೆಲಸದಲ್ಲಿ ಕೊನೆಯ ಚೀಲವೂ ಆಚೆ ದಡ ಸೇರುವವರೆಗೆ ಮಿಕ್ಸರ್ ಶುರು ಮಾಡಬಾರದು. ಈ ತಂಡಕ್ಕೆ ಅದು ಗೊತ್ತಿತ್ತು. ಸ್ಲ್ಯಾಬಿಗೆ ಆರು ದಿನ ಬಾಕಿ ಇತ್ತು, ಮೂರನೆಯ ಖೇಪಿನ ಸರಳು ಇನ್ನೂ ಈಚೆ ದಡದಲ್ಲೇ ಇತ್ತು.

ಆ ಬೆಳಗಿನ ಹೇರು

ಪೇಟೆಯಲ್ಲಿ ಸಿಗುವ ಸರಳು 12 ಮೀಟರ್ ಉದ್ದ. 12 ಮಿ.ಮೀ. ಸರಳಿನ ತೂಕ ತೆಗೆಯಲು ಗೌಂಡಿಗಳ ಬಾಯಲ್ಲಿರುವ ಸೂತ್ರ, ವ್ಯಾಸದ ವರ್ಗವನ್ನು 162ರಿಂದ ಭಾಗಿಸು: ಮೀಟರಿಗೆ 0.89 ಕಿಲೊ, ಒಂದು ಸರಳು 10.7 ಕಿಲೊ, 40 ಸರಳು ಸುಮಾರು 427 ಕಿಲೊ. ಅಂಗಡಿಯಲ್ಲೇ ನಡುವೆ ಮಡಚಿ ಹೇರ್‌ಪಿನ್ ಮಾಡಿ ಕೊಟ್ಟಿದ್ದರು, ಉದ್ದ 6 ಮೀಟರಿಗೆ ಇಳಿದಿತ್ತು. ಸಿಮೆಂಟು 500 ಕಿಲೊ. ಎರಡೂ ಸೇರಿ 927 ಕಿಲೊ. ಗಾಡಿಯ ಯೋಗ್ಯತೆಗಿಂತ ಕಡಿಮೆಯೇ.

ಹೇರಿದ ಬಗೆ ನೋಡಿ. ತೊಟ್ಟಿಯ ಉದ್ದ 2.5 ಮೀಟರ್. ಸಿಮೆಂಟಿನ ಚೀಲಗಳನ್ನು ಕ್ಯಾಬಿನ್ನಿಗೆ ತಾಗಿಸಿ ಜೋಡಿಸಿದ್ದರು. ಸರಳಿನ ಕಟ್ಟಿನ ಮುಂದಿನ ತುದಿ ಕ್ಯಾಬಿನ್ನಿನ ಮೇಲಿನ ಕ್ಯಾರಿಯರ್ ಮೇಲೆ ಹಾದು ತೊಟ್ಟಿಯಿಂದ ಒಂದೂವರೆ ಮೀಟರ್ ಮುಂದೆ, ಹಿಂದಿನದು ಮುಚ್ಚಿದ ಹಿಂಬಾಗಿಲ ಮೇಲೆ ಹಾದು 2 ಮೀಟರ್ ಹೊರಗೆ. ಮುಂದೆ ಎತ್ತರ, ಹಿಂದೆ ತಗ್ಗು ಇದ್ದದ್ದರಿಂದ ಬಾಲದ ತುದಿ ನೆಲದಿಂದ 55 ಸೆಂ.ಮೀ. ಮಾತ್ರ ಮೇಲಿತ್ತು. ಹಿಂದಿನ ಆಕ್ಸಲಿನಿಂದ ಬಾಲದ ತುದಿಗೆ 3.1 ಮೀಟರ್. ತುದಿಗೆ ಕೆಂಪು ಬಟ್ಟೆ ಕಟ್ಟಿತ್ತು. ಮೈಯಿಂದ ಹೊರಚಾಚಿ ಸರಳು ಒಯ್ಯುವುದು ಕಾನೂನಿಗೇ ವಿರುದ್ಧ. ಬಟ್ಟೆ ಕಟ್ಟಿದರೆ ಸರಿಹೋಗುತ್ತದೆ ಎನ್ನುವುದು ರಸ್ತೆಯ ನಂಬಿಕೆ, ನಿಯಮವಲ್ಲ. ಸಪಾಟು ರಸ್ತೆಯಲ್ಲಿ ಗಾಡಿ ಏನೂ ತೊಂದರೆ ಕೊಡದೆ ದಕ್ಕೆಯವರೆಗೂ ಬಂತು.

ದಕ್ಕೆಯಲ್ಲಿ ಮೊದಲ ಗಾಡಿ ಇದೇ. ಫೆರಿಯಲ್ಲಿ ಇಬ್ಬರು ಪ್ರಯಾಣಿಕರು, ಒಂದು ಬೈಕು. ಮುಂದಿನ ಚಕ್ರ ರ‍್ಯಾಂಪಿನ ಅರ್ಧ ಏರಿದಾಗ ಹಿಂದೆ ಕಿರ್ ಎಂದು ಸದ್ದಾಯಿತು. ಚಾಲಕ ಇನ್ನಷ್ಟು ಒತ್ತಿದ. ಇನ್ನೂ ಮುಕ್ಕಾಲು ಮೀಟರ್ ಹೋಗಿ ಹಿಂದಿನ ಚಕ್ರ ಜಾರತೊಡಗಿತು. ಡೆಕ್ಕಿನ ಮೇಲಿದ್ದ ಖಲಾಸಿ ಕೈ ಅಡ್ಡ ಮಾಡಿ "ರಾವ್, ರಾವ್" ಎಂದ, ಕೊಂಕಣಿಯಲ್ಲಿ ನಿಲ್ಲು ಎಂದು. ಚಾಲಕನಿಗೆ ಅದು "ಹಿಂದೆ ಹೋಗು" ಎಂದು ತಿಳಿಯಿತೋ, ಗಾಬರಿಯೋ, ರಿವರ್ಸ್ ಬಿತ್ತು. ಬಾಲದ ತುದಿಗಳು ದಕ್ಕೆಯ ಕಾಂಕ್ರೀಟಿನ ಸಂದಿಗೆ ಈಟಿಯಂತೆ ನೆಟ್ಟುಕೊಂಡವು. ಗಾಡಿ ಹಿಂದೆ ಸರಿಯಿತು, ಸರಳು ಸರಿಯಲಿಲ್ಲ. ಕಟ್ಟು ಬಿಲ್ಲಿನಂತೆ ಮೇಲಕ್ಕೆ ಬಾಗಿ, ಹಗ್ಗ ಹರಿದು, ಬಲಕ್ಕೆ ಸಿಡಿದು ರ‍್ಯಾಂಪಿನ ಪಕ್ಕ ಬಿತ್ತು. ಕ್ಯಾರಿಯರ್ ಮುರಿಯಿತು, ಕ್ಯಾಬಿನ್ನಿನ ಮೇಲ್ಛಾವಣಿ ಒಳಗೆ ತಗ್ಗಿತು, ಬಲಗನ್ನಡಿ ಹೋಯಿತು. ಬಲಗಡೆ ಆಗ ಯಾರೂ ನಿಂತಿರಲಿಲ್ಲ. ಒಂಬತ್ತು ಜನ ಸರಳುಗಳನ್ನು ನಾಲ್ಕು ನಾಲ್ಕಾಗಿ ದಂಡೆಗೆ ಹೊತ್ತು ಹಾಕಿ, ಗಾಡಿಯನ್ನು ತಳ್ಳಿ ಮೇಲೆ ತರುವಷ್ಟರಲ್ಲಿ 35 ನಿಮಿಷ.

ಲೆವೆಲ್ ಪೈಪ್ ಹೇಳಿದ್ದು

ಮರುದಿನ ಇಳಿತದ ಹೊತ್ತಿಗೆ ತಂಡದ ಮೇಸ್ತ್ರಿ ದಕ್ಕೆಗೆ ಹೋದದ್ದು ಕೈಯಲ್ಲಿ ಲೆವೆಲ್ ಪೈಪ್ ಹಿಡಿದುಕೊಂಡು. ಪಾಯ ಮಟ್ಟ ಮಾಡಲು ಬಳಸುವ ಅದೇ ನೀರು ತುಂಬಿದ ಪ್ಲಾಸ್ಟಿಕ್ ನಳಿಗೆ, ಜೊತೆಗೆ ಟೇಪು. ದಕ್ಕೆಯ ಇಳಿಜಾರು 4 ಮೀಟರಿಗೆ 55 ಸೆಂ.ಮೀ. ಇಳಿಯುತ್ತಿತ್ತು: ಸುಮಾರು 8 ಡಿಗ್ರಿ. ಖಾಲಿ ಫೆರಿಯ ರ‍್ಯಾಂಪು 3 ಮೀಟರ್ ಉದ್ದದಲ್ಲಿ 65 ಸೆಂ.ಮೀ. ಏರುತ್ತಿತ್ತು: 12.5 ಡಿಗ್ರಿ.

ಇಲ್ಲಿ ಎಲ್ಲರೂ ಮಾಡುವ ತಪ್ಪು, ಎರಡನ್ನೂ ಬೇರೆ ಬೇರೆ ನೋಡುವುದು. 8 ಡಿಗ್ರಿ ಏನೂ ಅಲ್ಲ, 12.5 ಡಿಗ್ರಿಯೂ ಪಿಕಪ್ಪಿಗೆ ಲೆಕ್ಕಕ್ಕಿಲ್ಲ. ಆದರೆ ಗಾಡಿ ನೀರಿನ ಕಡೆ ಇಳಿಯುತ್ತಾ ಬಂದು ಅಲ್ಲಿಂದ ಡೆಕ್ಕಿನ ಕಡೆ ಏರಬೇಕು. ಇಳಿಜಾರೂ ಏರೂ ಸೇರುವ ಕಡೆ ಒಂದು ಕಣಿವೆ, ಕೋನಗಳು ಕೂಡುತ್ತವೆ. 20 ಡಿಗ್ರಿ ದಾಟಿತು. ಮೂಗು ಮೇಲೆ ಹೋದಷ್ಟೂ ಬಾಲ ಕೆಳಗೆ, ಜೊತೆಗೆ ಬಾಲದ ಹಿಂದಿನ ನೆಲವೂ ಮೇಲೆದ್ದು ಬರುತ್ತದೆ. ಆಕ್ಸಲಿನಿಂದ 3.1 ಮೀಟರ್ ಹಿಂದಿರುವ ತುದಿಗೆ ಆ ಕೋನದಲ್ಲಿ 1.15 ಮೀಟರ್ ಎತ್ತರ ಬೇಕು. ಇದ್ದದ್ದು 55 ಸೆಂ.ಮೀ. ಲೆಕ್ಕ ಹಾಕಿದರೆ ಬಾಲ ನೆಲ ಮುಟ್ಟುವುದು ಮುಂದಿನ ಚಕ್ರ ರ‍್ಯಾಂಪಿನಲ್ಲಿ ಒಂದೂವರೆ ಮೀಟರ್ ಏರಿದಾಗ, ಸರಿಯಾಗಿ ಅರ್ಧದಲ್ಲಿ. ಕಿರ್ ಎಂದದ್ದೂ ಅಲ್ಲೇ.

ಮುಟ್ಟಿದ ಮೇಲೆ ಸರಳು ಸ್ಪ್ರಿಂಗಿನಂತೆ ವರ್ತಿಸುತ್ತದೆ. 40 ಹೇರ್‌ಪಿನ್ ಎಂದರೆ 80 ಕಾಲು. ಗಾಡಿ ನಿಂತ ಜಾಗದಲ್ಲಿ ಬಾಲ ಸುಮಾರು 26 ಸೆಂ.ಮೀ. ಮೇಲಕ್ಕೆ ಬಾಗಿರಬೇಕಿತ್ತು, ಆ ಎಂಬತ್ತೂ ಕಾಲು ಸೇರಿ ಸುಮಾರು 160 ಕಿಲೊ ತೂಕದಷ್ಟು ಗಾಡಿಯ ಹಿಂಭಾಗವನ್ನು ಎತ್ತುತ್ತವೆ. ಬಾಲ ಆಕ್ಸಲಿಗಿಂತ ಬಹಳ ಹಿಂದಿರುವುದರಿಂದ ಸನ್ನೆಗೋಲಿನ ಲೆಕ್ಕದಲ್ಲಿ ಹಿಂದಿನ ಚಕ್ರಗಳ ಮೇಲಿಂದ ಹಗುರಾಗುವುದು ಅದರ ದುಪ್ಪಟ್ಟು, 320 ಕಿಲೊ. ಗಾಡಿಯನ್ನು ದೂಡುವುದು ಹಿಂದಿನ ಚಕ್ರಗಳೇ. ಮೇಲಾಗಿ ಸಿಮೆಂಟು ಕ್ಯಾಬಿನ್ನಿಗೆ ಒತ್ತಿ ಇತ್ತು. ಆಕ್ಸಲಿನ ಮೇಲೆ ಇದ್ದಿದ್ದರೆ ಚಕ್ರಕ್ಕೆ ಇನ್ನಷ್ಟು ಹಿಡಿತ ಸಿಗುತ್ತಿತ್ತು.

ಹಾಗಾದರೆ ಮೊದಲ ಎರಡು ಖೇಪು ಇದೇ ಉದ್ದದ ಸರಳು ಹೊತ್ತು ಹೇಗೆ ದಾಟಿದವು? ಮೇಸ್ತ್ರಿ ಆಚೆ ದಡದಲ್ಲಿ ಇಳಿಸಿಟ್ಟಿದ್ದ ಹಳೆಯ ಕಟ್ಟು ನೋಡಿದಾಗ ಉತ್ತರ ಕಂಡಿತು. ಸರಳಿನ ತುದಿಗಳ ಕೆಳಮೈ ಒಂದು ಗೇಣಿನಷ್ಟು ಬೆಳ್ಳಿಯಂತೆ ಹೊಳೆಯುತ್ತಿತ್ತು, ಏಣುಗಳು ಸವೆದಿದ್ದವು. ದಕ್ಕೆಯ ಮೇಲೂ ತುಕ್ಕು ಬಣ್ಣದ ಉದ್ದ ಗೀರುಗಳು. ಅವೆರಡು ಖೇಪಿನಲ್ಲೂ ಬಾಲ ಉಜ್ಜಿತ್ತು. ಒಣ ಕಾಂಕ್ರೀಟಿನ ಮೇಲೆ ಚಕ್ರ ಹಿಡಿದದ್ದರಿಂದ ಗಾಡಿ ಎಳೆದುಕೊಂಡು ಹೋಗಿತ್ತು, ಸದ್ದು ಎಂಜಿನ್ ಗದ್ದಲದಲ್ಲಿ ಮುಳುಗಿತ್ತು. ತಪ್ಪು ಮೂರು ಸಲ ಆಗಿದೆ, ಸಿಕ್ಕಿಬಿದ್ದದ್ದು ಒಂದು ಸಲ.

ಗಡಿಯಾರದ ಆರೂವರೆ, ಹೊಳೆಯ ಆರೂವರೆ

ಮೊದಲ ಎರಡು ಖೇಪೂ ಬೆಳಗಿನ ಆರೂವರೆಗೇ. "ಆ ಹೊತ್ತು ಚಲೋ, ನೀರು ಮೇಲ ಇರತೈತಿ" ಎಂದು ತಂಡ ನಿರ್ಧರಿಸಿಬಿಟ್ಟಿತ್ತು. ಅವು ದಾಟಿದ್ದು ಅಷ್ಟಮಿಯ ಆಸುಪಾಸು. ಮೂರನೆಯದು ಹುಣ್ಣಿಮೆಯ ಮರುದಿನ.

ಉಬ್ಬರ ದಿನದಿಂದ ದಿನಕ್ಕೆ ಸುಮಾರು 50 ನಿಮಿಷ ತಡವಾಗುತ್ತದೆ. ಏಳು ದಿನದಲ್ಲಿ ಹೆಚ್ಚುಕಡಿಮೆ ಆರು ಗಂಟೆ. ಅಂದರೆ ಇವತ್ತು ಆರೂವರೆಗೆ ತುಂಬಿದ ಹೊಳೆ ಮುಂದಿನ ವಾರ ಅದೇ ಆರೂವರೆಗೆ ಬತ್ತಿರುತ್ತದೆ. ಗೋವಾದ ಈ ಕರಾವಳಿಯಲ್ಲಿ ಹುಣ್ಣಿಮೆ-ಅಮಾವಾಸ್ಯೆಯ ಸುತ್ತಲಿನ ದೊಡ್ಡ ಇಳಿತ ಹೆಚ್ಚಾಗಿ ಬೆಳಗಿನ ಜಾವಕ್ಕೂ ಸಂಜೆಗೂ ಬೀಳುತ್ತದೆ. ಮೊದಲ ಫೆರಿಯ ಹೊತ್ತು, ಕೆಲಸ ಬಿಟ್ಟು ಮನೆಗೆ ಹೋಗುವ ಹೊತ್ತು. ದ್ವೀಪದವರಿಗೆ ಇದು ಮೈಗೆ ಅಂಟಿದ ಲೆಕ್ಕ. ಹೊರಗಿನವರಿಗೆ ಮುರಗಾಂವ್ ಬಂದರಿನ ಉಬ್ಬರ ಕೋಷ್ಟಕ ಮೊಬೈಲಿನಲ್ಲೇ ಸಿಗುತ್ತದೆ. ಬಂದರಿನ ಹೊತ್ತಿಗೆ ಇನ್ನಷ್ಟು ಸಮಯ ಕೂಡಿಸಬೇಕು, ಉಬ್ಬರ ಹೊಳೆಯೊಳಗೆ ಏರಿ ಬರಬೇಕಲ್ಲ. ಮಳೆಗಾಲದಲ್ಲಿ ಆ ಲೆಕ್ಕವೂ ಅಲುಗಾಡುತ್ತದೆ: ಘಟ್ಟದ ನೀರು ಜೋರಾಗಿದ್ದಾಗ ಇಳಿತದ ಸೆಳೆತ ಬಹಳ ಹೊತ್ತು ನಿಲ್ಲುವುದೇ ಇಲ್ಲ.

ದೊಡ್ಡ ಇಳಿತದಲ್ಲಿ ರ‍್ಯಾಂಪಿನ ತುದಿ ಕೂರುವುದು ದಕ್ಕೆಯ ಕೊನೆಯ ಭಾಗದ ಮೇಲೆ. ಆ ಪಟ್ಟಿ ದಿನದ ಬಹುಪಾಲು ನೀರಿನಡಿ ಇರುವಂಥದ್ದು, ಬಿಸಿಲು ಕಾಣುವುದು ಅಪರೂಪ. ಕೂದಲೆಳೆಯಂಥ ಹಸಿರು ಪಾಚಿ, ಅದರ ಮೇಲೆ ಬೆರಳಗಲ ಕೆಸರಿನ ಲೇಪ. ಬರಿಗಾಲಲ್ಲಿ ನಿಂತರೆ ಹೆಬ್ಬೆರಳು ಊರಿಯೇ ನಿಲ್ಲಬೇಕು. ಟಯರಿನ ಗೀರುಗಳಲ್ಲಿ ಅದು ಗ್ರೀಸಿನಂತೆ ತುಂಬಿಕೊಂಡಿತ್ತು. ಆ ದಿನ ಅಳೆದಾಗ ಪಾಚಿಯ ಪಟ್ಟಿ ನೀರಿನಂಚಿನಿಂದ ಮೇಲಕ್ಕೆ ಎರಡೂವರೆ ಮೀಟರ್ ಇತ್ತು.

ಎಷ್ಟು ಕಾದಿದ್ದರೆ ಸಾಕಿತ್ತು? ಇಳಿತದಿಂದ ಉಬ್ಬರಕ್ಕೆ ಸುಮಾರು ಆರು ಗಂಟೆ. ಹಳೆಯ ನಾವಿಕರ ಲೆಕ್ಕ: ಮೊದಲ ಗಂಟೆ ಏರಿಳಿತದ ಹನ್ನೆರಡರಲ್ಲಿ ಒಂದು ಪಾಲು, ಎರಡನೆಯದು ಎರಡು, ಮೂರನೆಯದೂ ನಾಲ್ಕನೆಯದೂ ಮೂರು ಮೂರು, ಆಮೇಲೆ ಎರಡು, ಒಂದು. 2.3 ಮೀಟರಿಗೆ ಮೊದಲ ಗಂಟೆ 19 ಸೆಂ.ಮೀ., ಮುಂದಿನ ಅರ್ಧ ಗಂಟೆಗೆ ಇನ್ನೂ 19. ಒಟ್ಟು 38 ಸೆಂ.ಮೀ. ನೀರು ಏರಿದರೆ ಆ ಇಳಿಜಾರಿನಲ್ಲಿ ನೀರಿನಂಚು ಸುಮಾರು 2.75 ಮೀಟರ್ ಮೇಲೆ ಸರಿಯುತ್ತದೆ. ಒಂದೂವರೆ ಗಂಟೆ ಕಾದಿದ್ದರೆ ಪಾಚಿ ಪಟ್ಟಿ ನೀರಿನಡಿ ಹೋಗಿ, ಹಿಂದಿನ ಚಕ್ರ ಒಣ ಕಾಂಕ್ರೀಟಿನ ಮೇಲಿರುತ್ತಿತ್ತು. ಬಾಲ ಆಗಲೂ ಉಜ್ಜುತ್ತಿತ್ತು, ಅದು ಬೇರೆ ಮಾತು.

ಖಾಲಿ ಫೆರಿಯೇ ಕಡಿದು

ಮೊದಲು ಹತ್ತಿದರೆ ಜಾಗ ವಿಶಾಲ ಎಂದು ಪಿಕಪ್ಪಿನವರು ಮುಂದೆ ನುಗ್ಗುತ್ತಾರೆ. ರ‍್ಯಾಂಪಿನ ದೃಷ್ಟಿಯಿಂದ ಅದು ತಪ್ಪು. ಖಾಲಿ ಫೆರಿ ನೀರಿನಲ್ಲಿ ಮೇಲೆ ನಿಂತಿರುತ್ತದೆ, ಡೆಕ್ ಎತ್ತರ, ರ‍್ಯಾಂಪ್ ಕಡಿದು. ನೀರು ಮುಟ್ಟುವ ವಿಸ್ತಾರ 100 ಚದರ ಮೀಟರ್ ಇರುವ ಸಪಾಟು ದೋಣಿ ಒಂದು ಟನ್ನಿಗೆ ಒಂದು ಸೆಂ.ಮೀ. ಇಳಿಯುತ್ತದೆ. ಅದೇ ಟನ್ ರ‍್ಯಾಂಪಿನ ತುದಿಗೇ ಬಂದು ಕೂತರೆ ಆ ತುದಿ ಸುಮಾರು ನಾಲ್ಕು ಸೆಂ.ಮೀ. ತಗ್ಗುತ್ತದೆ. ಹತ್ತು ಸ್ಕೂಟರು, ಎರಡು ಕಾರು ಒಳಗೆ ಹೋದ ಮೇಲೆ ಅದೇ ರ‍್ಯಾಂಪ್ ಒಂದೆರಡು ಡಿಗ್ರಿ ಮಲಗಿರುತ್ತದೆ. ಇನ್ನೇನು ನೆಲಕ್ಕೆ ಉಜ್ಜೀತು ಎನ್ನುವಂಥ ಹೇರಿಗೆ ಆ ಒಂದೆರಡು ಡಿಗ್ರಿಯೇ ಬೇಕಾದದ್ದು. ಆದರೆ ಯಾರು ಎಲ್ಲಿ ನಿಲ್ಲಬೇಕು ಎಂಬುದು ಖಲಾಸಿಯ ಮಾತು: ಭಾರದ ಗಾಡಿ ನಡುಗೆರೆಯ ಮೇಲೆ, ಒಂದೇ ಪಕ್ಕಕ್ಕಲ್ಲ. ಅವನು ಬೇಡ ಎಂದರೆ ವಾದ ಬೇಡ.

ಇನ್ನೊಂದು ಸಂಗತಿ ದಡದಲ್ಲಿ ನಿಂತವರಿಗೆ ಕಾಣುವುದಿಲ್ಲ. ಗಾಡಿ ಏರುವಾಗ ಫೆರಿಯನ್ನು ಹಗ್ಗವಲ್ಲ, ಅದರ ಎಂಜಿನ್ನೇ ದಕ್ಕೆಗೆ ಒತ್ತಿ ಹಿಡಿದಿರುತ್ತದೆ. ರ‍್ಯಾಂಪಿನ ಮೇಲೆ ಹೋಗುವ ಚಕ್ರ ಬ್ರೇಕ್ ಹಾಕಿದರೆ ಫೆರಿಯನ್ನು ಹೊಳೆಯ ಕಡೆ ದೂಡುತ್ತದೆ, ಜೋರಾಗಿ ಒತ್ತಿ ಏರಿದರೆ ದಡದ ಕಡೆ ಎಳೆಯುತ್ತದೆ. ಹಾಗಾಗಿ ರ‍್ಯಾಂಪ್ ಮೇಲೆ ಒಂದನೇ ಗೇರು, ಒಂದೇ ವೇಗ, ನಡುವೆ ಕ್ಲಚ್ ಒತ್ತುವುದಿಲ್ಲ. ಅರ್ಧದಲ್ಲಿ ನಿಂತು ನಿಂತು ಒದ್ದಾಡಿದರೆ ತುದಿ ಸರಿದು, ಇಲ್ಲದ ಮೆಟ್ಟಿಲೊಂದು ಹುಟ್ಟುತ್ತದೆ. ಒಳಗೆ ಹೋದ ಮೇಲೆ ಹ್ಯಾಂಡ್ ಬ್ರೇಕ್, ಗೇರಿನಲ್ಲಿ ಎಂಜಿನ್ ಬಂದ್, ಹಿಂದಿನ ಚಕ್ರಕ್ಕೆ ಮರದ ತುಂಡು. ಆಚೆ ದಡದಲ್ಲಿ ಇಳಿದ ಮೇಲೆ ಮೊದಲ ನೂರು ಮೀಟರ್ ಬ್ರೇಕನ್ನು ಮೆಲ್ಲಗೆ ಒತ್ತಿ ಒಣಗಿಸಿಕೊಳ್ಳಬೇಕು, ಚಕ್ರ ಉಪ್ಪುನೀರು ತುಳಿದಿರುತ್ತದೆ.

ಬದಲಾಯಿಸಿದ್ದು

ಮೊದಲು ಹೊಳೆದ ಉಪಾಯ: ಬಾಲ ಎತ್ತಿ ಕಟ್ಟೋಣ. ಮುಂದಿನ ತುದಿ ತೊಟ್ಟಿಯ ತಳಕ್ಕೆ, ಹಿಂಬದಿಗೆ ಬಿದಿರಿನ ಅಡ್ಡೆ ಕಟ್ಟಿ ಬಾಲ ಮೇಲಕ್ಕೆ. ಕಾಗದದ ಮೇಲೆ ಚೆಂದ. ಆದರೆ ಕ್ಯಾಬಿನ್ ಮೇಲೆ ಹೋಗುತ್ತಿದ್ದ ಒಂದೂವರೆ ಮೀಟರೂ ಈಗ ಹಿಂದಕ್ಕೇ ಬರುತ್ತದೆ. ಹೊರಚಾಚು 2ರಿಂದ 3.5 ಮೀಟರಿಗೆ ಏರಿತು. ಆಕ್ಸಲಿನಿಂದ ತುದಿಗೆ 4.6 ಮೀಟರ್, ಬೇಕಾದ ಎತ್ತರ 1.7 ಮೀಟರ್. ಅಡ್ಡೆಯ ಮೇಲಿಂದ ಓರೆಯಾಗಿ ಹೋದ ಸರಳಿನ ತುದಿ ಲೆಕ್ಕಕ್ಕೆ 2.2 ಮೀಟರಿನಲ್ಲಿರಬೇಕು, ಆದರೆ 12 ಮಿ.ಮೀ. ಸರಳು ಮೂರೂವರೆ ಮೀಟರ್ ಹೊರಚಾಚಿದರೆ ತನ್ನ ತೂಕಕ್ಕೇ 80 ಸೆಂ.ಮೀ. ಜೋಲುತ್ತದೆ. ಉಳಿಯುವುದು 1.4. ಸಾಲದು. ಹೊರಚಾಚು ಎರಡರಷ್ಟೂ ಆಗಿಲ್ಲ, ಜೋಲು ಒಂಬತ್ತು ಪಟ್ಟಾಯಿತು. ಉದ್ದದ ನಾಲ್ಕನೆಯ ಘಾತದಲ್ಲಿ ಬೆಳೆಯುವ ಲೆಕ್ಕ ಅದು. ಅಡ್ಡೆ ಕಟ್ಟಿ ನೋಡಿ, ಬಿಚ್ಚಿಹಾಕಿದರು.

ಹೇರ್‌ಪಿನ್ನಿಗೂ ಒಂದು ಮಾತು ಹೇಳಲೇಬೇಕು. ಮಡಚಿದ ಟಿಎಂಟಿ ಸರಳನ್ನು ಸುತ್ತಿಗೆಯಿಂದ ನೇರ ಮಾಡಿ ಸ್ಲ್ಯಾಬಿಗೆ ಹಾಕುವುದು ಎಲ್ಲ ಕಡೆ ನಡೆಯುತ್ತದೆ. ಆ ಮಡಿಕೆಯ ಜಾಗದಲ್ಲಿ ಬಿರುಕು ಬಿಟ್ಟಿರುವ ಸಾಧ್ಯತೆ ಇದೆ, ಅದನ್ನು ನಂಬಬಾರದು, ಕತ್ತರಿಸಿ ಎಸೆಯಬೇಕು. ಹಾಗಿದ್ದ ಮೇಲೆ ಮಡಚಿ ತರುವುದರಲ್ಲಿ ಲಾಭವೇನು?

ಸರಿಹೋದ ದಾರಿ ಸರಳವಾದದ್ದು: ಸರಳನ್ನು ಈಚೆ ದಡದಲ್ಲೇ ಕತ್ತರಿಸುವುದು. ನಕ್ಷೆ ನೋಡಿ ಯಾವ ಸರಳು ಎಷ್ಟುದ್ದ ಎಂದು ಪಟ್ಟಿ ಮಾಡಿ, ರಿಂಗುಗಳನ್ನೂ ಇಲ್ಲೇ ಬಗ್ಗಿಸಿ, ಅಳತೆಗೆ ಕತ್ತರಿಸಿದ ತುಂಡುಗಳನ್ನು ಬಣ್ಣದ ದಾರ ಕಟ್ಟಿ ಬೇರ್ಪಡಿಸಿ ಒಯ್ಯುವುದು. ಸ್ಲ್ಯಾಬಿನ ತುಂಡುಗಳಲ್ಲಿ ಹೆಚ್ಚಿನವು 4 ಮೀಟರ್ ಒಳಗೇ ಬಂದವು. ಉದ್ದ ಕಡಿಮೆಯಾದದ್ದಕ್ಕೆ ಕೆಲವೆಡೆ ಹೆಚ್ಚುವರಿ ಜೋಡಣೆ, ಅಂದರೆ ಎರಡು ಸರಳಿನ ತುದಿಗಳನ್ನು ಪಕ್ಕಪಕ್ಕ ಹಾಯಿಸಿ ಕಟ್ಟುವುದು, ಬೇಕಾಯಿತು. ವ್ಯಾಸದ 50 ಪಟ್ಟು ಹಿಡಿದರೆ 12 ಮಿ.ಮೀ.ಗೆ ಒಂದೊಂದು ಜೋಡಣೆಗೆ 60 ಸೆಂ.ಮೀ., ಅಂದರೆ ಅರ್ಧ ಕಿಲೊಗಿಂತ ತುಸು ಹೆಚ್ಚು. ನಲವತ್ತಕ್ಕೆ ನಲವತ್ತೂ ಜೋಡಿಸಿದರೂ 21 ಕಿಲೊ. ಕಿಲೊಗೆ 60 ರೂಪಾಯಿ ಹಿಡಿದರೆ ಸುಮಾರು 1,280 ರೂಪಾಯಿ. ಕ್ಯಾರಿಯರ್, ಕನ್ನಡಿ, ಛಾವಣಿಯ ತಗ್ಗು ತೆಗೆಸುವುದು ಇದರ ಹಲವು ಪಟ್ಟು. ಜೋಡಣೆಗಳನ್ನು ಒಂದೇ ಗೆರೆಗೆ ಬಾರದಂತೆ ಹಿಂದೆ-ಮುಂದೆ ಮಾಡುವ ಕೆಲಸ ಮಾತ್ರ ಕಟ್ಟುವವರ ತಲೆಗೆ ಬಿತ್ತು.

4 ಮೀಟರಿನ ತುಂಡು ತೊಟ್ಟಿಯಲ್ಲಿ ಮಲಗಿ, ತುದಿ ಕ್ಯಾಬಿನ್ ಮೇಲೆ ಒಂದೂವರೆ ಮೀಟರ್ ಹೋಗುತ್ತದೆ. ಹಿಂದೆ ಬಾಲವೇ ಇಲ್ಲ. ಮುಂದೆ ಚಾಚಿದ್ದೂ ಬಾನೆಟ್ಟಿನ ಮೂತಿ ದಾಟುವುದಿಲ್ಲ. ಬೇರೆ ಹೇರುಗಳಿಗೆ ತಂಡ ಇಟ್ಟುಕೊಂಡ ಅಳತೆ ಹೀಗಿದೆ: ಹಿಂದಿನ ಚಕ್ರದ ನಡುವಿನಿಂದ ಬಾಲದ ತುದಿಗೆ ಎಷ್ಟಿದೆಯೋ ಅದರ ಶೇ. 40ರಷ್ಟು ಎತ್ತರ ನೆಲದಿಂದ ತುದಿಗೆ ಇರಬೇಕು. ಪೈಪು, ಏಣಿ, ಸೆಂಟ್ರಿಂಗ್ ಬಲ್ಲಿ, ಎಲ್ಲಕ್ಕೂ ಇದೇ. ಮೂಗಿಗೂ ಇದೇ ಲೆಕ್ಕ ಎನ್ನುವುದು ಕಾರಿನವರಿಗೆ: ಮುಂದಿನ ಚಕ್ರದಿಂದ ಬಂಪರಿಗೆ 80 ಸೆಂ.ಮೀ. ಇದ್ದರೆ ಅದು ನೆಲದಿಂದ 32 ಸೆಂ.ಮೀ. ಮೇಲಿರಬೇಕು. ಎಷ್ಟೋ ಸೆಡಾನುಗಳು ಅಷ್ಟಿರುವುದಿಲ್ಲ; ಇಳಿತದಲ್ಲಿ ಖಾಲಿ ಫೆರಿ ಹತ್ತುವಾಗ ಅವು ಬಂಪರ್ ಕೆರೆಯುವುದು ಅದಕ್ಕೇ.

ಹೊತ್ತನ್ನೂ ಬದಲಿಸಿದರು. ಬೆಳಿಗ್ಗೆ ದ್ವೀಪದಿಂದ ಈಚೆಗೆ ಬರುವ ಫೆರಿ ತುಂಬಿರುತ್ತದೆ, ಆಚೆಗೆ ಹೋಗುವುದು ಖಾಲಿ, ಅಂದರೆ ರ‍್ಯಾಂಪ್ ಕಡಿದು. ಸಾಮಾನು ಹೋಗುವುದು ಆಚೆಗೇ ಆದ್ದರಿಂದ ಒಂಬತ್ತರ ನಂತರ ನೀರು ನಡುಮಟ್ಟದಲ್ಲಿರುವ ದಿನಗಳನ್ನು ಕೋಷ್ಟಕದಲ್ಲಿ ಗುರುತು ಹಾಕಿಕೊಂಡರು. ಸಿಮೆಂಟು ಆಕ್ಸಲಿನ ಮೇಲೆ, ಕೆಳಗೆ ಹಲಗೆ, ಮೇಲೆ ತಾಡಪಾಲು. ಆಗಸ್ಟಿನ ನಾಲ್ಕನೇ ಶನಿವಾರ ದ್ವೀಪದಲ್ಲಿ ಬೊಂದೆರಾಂ ಹಬ್ಬ. ಆ ದಿನ ಊರೇ ಫೆರಿಯ ಮೇಲಿರುತ್ತದೆ, ಜಲ್ಲಿ ಹೇರಿಕೊಂಡು ಹೋದರೆ ಬೈಗುಳ ತಿನ್ನಬೇಕು.

ಬಾಲ ಸಿಕ್ಕಿಕೊಂಡರೆ ಏನು ಮಾಡಬೇಕೆಂಬುದೂ ಈಗ ಚಾಲಕನಿಗೆ ಬಾಯಿಪಾಠ. ಸದ್ದು ಕೇಳಿದ ಕೂಡಲೇ ನಿಲ್ಲು. ರಿವರ್ಸ್ ಮುಟ್ಟಬೇಡ. ಜನರನ್ನು ಎರಡೂ ಪಕ್ಕದಿಂದ ದೂರ ಕಳಿಸಿ, ನಾಲ್ವರು ಬಾಲದ ತುದಿಯನ್ನು ಹಿಂದಿನಿಂದ ಹೆಗಲಿಗೆ ಎತ್ತಿ ಹಿಡಿದ ಮೇಲಷ್ಟೇ ಗಾಡಿ ಹಿಂದೆ. ಎತ್ತಲಾಗದಿದ್ದರೆ ಹಗ್ಗ ಬಿಚ್ಚಿ ಅಲ್ಲೇ ಇಳಿಸು.

ಬಾಗಿದ 40ರಲ್ಲಿ 33 ಸರಳು ಕತ್ತರಿಸಿ ಬಳಕೆಗೆ ಬಂದವು. ಮನೆಯ ಮುಂದಿನ ತೊಲೆಗೆ 5.2 ಮೀಟರಿನ ಆರು ಅಖಂಡ ಸರಳು ಬೇಕಿತ್ತು, ಅಲ್ಲಿ ನಡುವೆ ಜೋಡಣೆ ಬೇಡ ಎಂದು ಎಂಜಿನಿಯರ್ ಖಡಾಖಂಡಿತ. ಅವನ್ನು ಗಾಡಿಗೆ ಹೇರಲೇ ಇಲ್ಲ. ಮಧ್ಯಾಹ್ನದ ಖಾಲಿ ಫೆರಿಗೆ ಖಲಾಸಿಯನ್ನು ಕೇಳಿಕೊಂಡು, ಇಬ್ಬರು ಗೌಂಡಿಗಳು ಹೆಗಲ ಮೇಲೆ ಹೊತ್ತು ಡೆಕ್ಕಿನ ಅಂಚಿಗೆ ಉದ್ದಕ್ಕೆ ಮಲಗಿಸಿ ದಾಟಿಸಿದರು. ಎರಡು ಸರದಿ, ಆರು ಸರಳು, ಒಟ್ಟು 28 ಕಿಲೊ.